ಅಲ್ ಫಾಶರ್ ನನಗೇನಾಗಬೇಕು

ಸುಡಾನ್‌ನ ಯುದ್ಧದ ಬಗ್ಗೆ ನಾನು ಮಾತೆತ್ತಿದಾಗಲೆಲ್ಲ ಎದುರಿಗಿದ್ದವರು ಒಂದು ಪ್ರಶ್ನೆ ಕೇಳುತ್ತಾರೆ: ಅಲ್ಲಿ ನಿಮ್ಮವರು ಯಾರಾದರೂ ಇದ್ದಾರೆಯೇ? ಯಾರೂ ಇಲ್ಲ. ಆ ದೇಶವನ್ನು ನಾನು ಕಣ್ಣಾರೆ ಕಂಡಿಲ್ಲ, ಅಲ್ಲಿನ ಅರಬಿಯಾಗಲಿ ಫರ್ ಭಾಷೆಯಾಗಲಿ ನನಗೆ ಬಾರದು, ನನ್ನ ಬಂಧುಬಳಗದಲ್ಲಿ ಯಾರೂ ಆ ಕಡೆ ನೆಲೆಸಿದವರಲ್ಲ. ಆದರೂ 2025ರ ಅಕ್ಟೋಬರ್ 26ರಂದು ಆ ದೇಶದ ಪಶ್ಚಿಮದಲ್ಲಿರುವ ಉತ್ತರ ದಾರ್ಫುರ್‌ನ ರಾಜಧಾನಿಯಾದ ಅಲ್ ಫಾಶರ್ ಸೇನೆಯ ಕೈತಪ್ಪಿ ಅದರ ಎದುರಾಳಿ ಅರೆಸೇನಾಪಡೆಯ ವಶವಾದ ಸುದ್ದಿಯನ್ನು ಓದಿದಾಗ, ಬಹುಕಾಲದಿಂದ ಹಾಸಿಗೆ ಹಿಡಿದಿದ್ದ ಆಪ್ತರೊಬ್ಬರು ತೀರಿಕೊಂಡರೆಂದು ಕೇಳಿದಾಗ ಆಗುವಂಥ ಸಂಕಟವೇ ನನಗಾಯಿತು. ಹಾಗೆ ಕೇಳುವವರಲ್ಲಿ ಕುಹಕವಿರುವುದಿಲ್ಲ. ಹತ್ತಿರದಲ್ಲೇ ಇಷ್ಟೊಂದು ದುಃಖ ಇರುವಾಗ ಯಾರೂ ಕರೆಯದ ಕಡೆಗೆ ಮನಸ್ಸು ಯಾಕೆ ಹೋಗಬೇಕು ಎಂಬುದು ನ್ಯಾಯವಾದ ಪ್ರಶ್ನೆಯೇ. ಮಾತಿನ ನಡುವೆ ನಾನು ಕೊಡುವ ತುಂಡು ಉತ್ತರಗಳಿಂದ ನನಗೇ ಸಮಾಧಾನವಾಗಿಲ್ಲವಾದ್ದರಿಂದ ಇಲ್ಲಿ ಸ್ವಲ್ಪ ವಿವರವಾಗಿ ಬರೆಯುತ್ತಿದ್ದೇನೆ.

ಸುಲಭವಾಗಿ ಕೊಡಬಹುದಾದ ಉತ್ತರವೊಂದಿದೆ. 2023ರ ಏಪ್ರಿಲ್ 15ರಂದು ಯುದ್ಧ ಶುರುವಾದಾಗ, ಗಿಡಮೂಲಿಕೆ ಔಷಧಿ ಮಾರಲು ಹೋಗಿದ್ದ ಕರ್ನಾಟಕದ ಹಕ್ಕಿಪಿಕ್ಕಿ ಸಮುದಾಯದ ಹಲವರು ಸುಡಾನ್‌ನಲ್ಲಿ ಸಿಕ್ಕಿಹಾಕಿಕೊಂಡಿದ್ದರು. ಅವರಲ್ಲಿ ಒಂದು ಗುಂಪು ಇದ್ದದ್ದು ಇದೇ ಅಲ್ ಫಾಶರ್‌ನಲ್ಲಿ. ಕನ್ನಡ ಪತ್ರಿಕೆಗಳಲ್ಲಿ ಆ ಊರಿನ ಹೆಸರು ಮೊದಲ ಬಾರಿಗೆ ದೊಡ್ಡದಾಗಿ ಬಂದದ್ದು ಆಗಲೇ ಇರಬೇಕು. ‘ಆಪರೇಷನ್ ಕಾವೇರಿ’ ಎಂಬ ಕಾರ್ಯಾಚರಣೆಯಲ್ಲಿ ಭಾರತ ಸರ್ಕಾರ ಮೂರೂವರೆ ಸಾವಿರಕ್ಕೂ ಹೆಚ್ಚು ಜನರನ್ನು ಹಡಗು ಮತ್ತು ವಿಮಾನಗಳಲ್ಲಿ ಕರೆತಂದಿತು. ಎಲ್ಲರಂತೆ ನನಗೂ ಸಮಾಧಾನವಾಯಿತು. ಆದರೆ ನಮ್ಮವರು ಬಂದಿಳಿದ ಮೇಲೆ ಆ ಊರಿನ ಸುದ್ದಿಯೂ ನಿಂತುಹೋಯಿತು. ಅವರಿಗೆ ಬಾಡಿಗೆಗೆ ಕೋಣೆ ಕೊಟ್ಟವರು, ಅವರಿಂದ ಎಣ್ಣೆ ಕೊಂಡವರು, ಗುಂಡಿನ ಸದ್ದು ಕೇಳಿದಾಗ ಅವರೊಂದಿಗೆ ಒಂದೇ ಗೋಡೆಯ ಮರೆಯಲ್ಲಿ ಕುಳಿತಿರಬಹುದಾದವರು ಅಲ್ಲೇ ಉಳಿದರು. ಅವರಿಗಾಗಿ ಬರುವ ಹಡಗು ಯಾವುದೂ ಇರಲಿಲ್ಲ. ನನ್ನ ಕಾಳಜಿಗೆ ನಮ್ಮವರಷ್ಟೇ ಕಾರಣವಾಗಿದ್ದರೆ ಅದು 2023ರ ಮೇ ತಿಂಗಳಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ ಎಂಬುದರಿಂದಲೇ ಬೇರೆ ಕಾರಣವನ್ನು ಹುಡುಕಬೇಕಾಗಿದೆ.

ದೂರದ ಬೆಟ್ಟ ನುಣ್ಣಗೆ ಎನ್ನುತ್ತೇವೆ. ದೂರದ ಯುದ್ಧವೂ ಹಾಗೆಯೇ ನುಣ್ಣಗೆ ಕಾಣುತ್ತದೆ. ಸೇನೆಯ ಮುಖ್ಯಸ್ಥ ಅಬ್ದೆಲ್ ಫತ್ತಾಹ್ ಅಲ್ ಬುರ್ಹಾನ್ ಮತ್ತು ‘ರ‍್ಯಾಪಿಡ್ ಸಪೋರ್ಟ್ ಫೋರ್ಸಸ್’ ಎಂಬ ಅರೆಸೇನಾಪಡೆಯ ಮುಖ್ಯಸ್ಥ ಮೊಹಮ್ಮದ್ ಹಮ್ದಾನ್ ದಗಾಲೊ, ಅಂದರೆ ಜನ ಹೆಮೆಟಿ ಎಂದು ಕರೆಯುವ ವ್ಯಕ್ತಿ, ಅಧಿಕಾರಕ್ಕಾಗಿ ಕಾದಾಡುತ್ತಿದ್ದಾರೆ ಎಂಬ ಒಂದು ಸಾಲಿನಲ್ಲಿ ಎಲ್ಲವೂ ಮುಗಿದುಹೋಗುತ್ತದೆ. ಆ ಸಾಲು ಸುಳ್ಳಲ್ಲ. 2021ರ ಅಕ್ಟೋಬರ್‌ನಲ್ಲಿ ಇವರಿಬ್ಬರೂ ಸೇರಿಯೇ ನಾಗರಿಕ ಸರ್ಕಾರವನ್ನು ಉರುಳಿಸಿದರು, ಬಳಿಕ ಪರಸ್ಪರರ ವಿರುದ್ಧ ತಿರುಗಿದರು. ಆದರೆ ಆ ಒಂದು ಸಾಲಿನಷ್ಟೇ ತಿಳಿದಿರುವವರೆಗೆ ಅಲ್ಲಿನ ಜನ ನಮಗೆ ಜನರಾಗಿ ಕಾಣುವುದಿಲ್ಲ. ನನಗೆ ಆ ಬೆಟ್ಟದ ಕಲ್ಲುಮುಳ್ಳು ಕಾಣತೊಡಗಿದ್ದು ಅಲ್ಲಿಯ ಒಂದು ಘೋಷಣೆಯ ಮೂಲಕ.

ಆ ಘೋಷಣೆಗೆ ಹಿನ್ನೆಲೆ ಬೇಕು. 2003ರಲ್ಲಿ ದಾರ್ಫುರ್‌ನಲ್ಲಿ ದಂಗೆ ಎದ್ದಾಗ ಆಗಿನ ಅಧ್ಯಕ್ಷ ಒಮರ್ ಅಲ್ ಬಶೀರ್ ಅದನ್ನು ಹತ್ತಿಕ್ಕಲು ಜಂಜವೀದ್ ಎಂಬ ಸಶಸ್ತ್ರ ಗುಂಪುಗಳನ್ನು ಛೂ ಬಿಟ್ಟರು. ಫರ್, ಮಸಾಲಿತ್, ಜಘಾವಾ ಸಮುದಾಯಗಳ ಹಳ್ಳಿಗಳು ಸುಟ್ಟುಹೋದವು. ವಿಶ್ವಸಂಸ್ಥೆಯ ಅಂದಾಜಿನಂತೆ ಸುಮಾರು ಮೂರು ಲಕ್ಷ ಜನ ಸತ್ತರು. ರಾಜಧಾನಿ ಖಾರ್ಟೂಮ್‌ನಿಂದ ಅಲ್ ಫಾಶರ್‌ಗೆ ನೇರ ಅಳತೆಯಲ್ಲಿ ಸುಮಾರು 800 ಕಿಲೋಮೀಟರ್. ಆ ದಿನಗಳಲ್ಲಿ ರಾಜಧಾನಿಯ ಬಹುಪಾಲು ಜನರಿಗೆ ದಾರ್ಫುರ್ ಎಂಬುದು ಅದೇ ದೇಶದೊಳಗಿನ ದೂರದ ಗಲಭೆಯಾಗಿತ್ತು. ಅಲ್ಲಿಯದು ಬುಡಕಟ್ಟುಗಳ ಜಗಳ ಎಂಬ ಸರ್ಕಾರಿ ವಿವರಣೆ ಅನೇಕರಿಗೆ ಸಾಕಾಗಿತ್ತು. ಹದಿನೈದು ವರ್ಷಗಳ ನಂತರ, 2018ರ ಡಿಸೆಂಬರ್‌ನಲ್ಲಿ ಬಶೀರ್ ವಿರುದ್ಧ ದೇಶವೇ ಬೀದಿಗಿಳಿದಾಗ, ಸರ್ಕಾರ ಹಳೆಯ ಉಪಾಯವನ್ನೇ ಹೂಡಿ, ಇದೆಲ್ಲ ದಾರ್ಫುರ್‌ನ ವಿದ್ಯಾರ್ಥಿಗಳು ನಡೆಸುತ್ತಿರುವ ವಿಧ್ವಂಸಕ ಸಂಚು ಎಂದು ಹೇಳಿತು. ಖಾರ್ಟೂಮ್‌ನ ತರುಣ ತರುಣಿಯರು ಅದಕ್ಕೆ ಬೀದಿಯಲ್ಲೇ ಉತ್ತರ ಕೊಟ್ಟರು: ‘ಓ ಜನಾಂಗದ್ವೇಷಿಯೇ, ಓ ಸೊಕ್ಕಿನವನೇ, ಇಡೀ ದೇಶವೇ ದಾರ್ಫುರ್!’

ಈ ಘೋಷಣೆಯನ್ನು ಮೊದಲು ಓದಿದಾಗ ನನಗೆ ಮೈ ಜುಮ್ಮೆಂದಿತು. ದಾರ್ಫುರ್‌ನವರು ನಮ್ಮ ಬಳಗ ಎಂದು ಆ ತರುಣರಿಗೆ ಯಾರೂ ಹೇಳಿಕೊಟ್ಟಿರಲಿಲ್ಲ. ಹಾಗೆ ಹೇಳಬಾರದೆಂದೇ ಅವರನ್ನು ಬೆಳೆಸಲಾಗಿತ್ತು. ಯಾರನ್ನು ದೂರದವರೆಂದು ಎಣಿಸಬೇಕು ಎಂಬುದನ್ನು ತಮಗಾಗಿ ಬೇರೆ ಯಾರೋ ತೀರ್ಮಾನಿಸಿದ್ದಾರೆ, ಆ ತೀರ್ಮಾನದಿಂದ ಕೊಲೆಗಾರರಿಗೆ ಲಾಭವಾಗಿದೆ ಎಂಬುದನ್ನು ಅವರು ಕಂಡುಕೊಂಡಿದ್ದರು. ದೂರ ಎಂಬುದು ಕಿಲೋಮೀಟರಿನ ಲೆಕ್ಕವಷ್ಟೇ ಆಗಿರುವುದಿಲ್ಲ, ಅದನ್ನು ಕಟ್ಟುವವರೂ ಕಾಯುವವರೂ ಇರುತ್ತಾರೆ ಎಂದು ನನಗೆ ಅರ್ಥವಾದದ್ದು ಅವರಿಂದ.

ಮುಂದೆ ನಡೆದದ್ದು ಅವರ ಘೋಷಣೆಯನ್ನು ಅವರು ಬಯಸದ ರೀತಿಯಲ್ಲಿ ನಿಜಮಾಡಿತು. ಅಂದಿನ ಜಂಜವೀದ್ ಗುಂಪುಗಳಿಂದಲೇ 2013ರಲ್ಲಿ ರ‍್ಯಾಪಿಡ್ ಸಪೋರ್ಟ್ ಫೋರ್ಸಸ್ ರೂಪುಗೊಂಡಿತ್ತು. 2019ರ ಏಪ್ರಿಲ್ 11ರಂದು ಬಶೀರ್ ಪದಚ್ಯುತರಾದರು, ಆದರೆ ಜೂನ್ 3ರಂದು ಖಾರ್ಟೂಮ್‌ನ ಸೇನಾ ಕಚೇರಿಯೆದುರು ಧರಣಿ ಕುಳಿತಿದ್ದವರ ಮೇಲೆ ಮುಗಿಬಿದ್ದವರಲ್ಲಿ ಅದೇ ಪಡೆ ಮುಂದಿತ್ತು. ನೂರಕ್ಕೂ ಹೆಚ್ಚು ಜನ ಪ್ರಾಣ ಕಳೆದುಕೊಂಡರು. ನಾಲ್ಕು ವರ್ಷಗಳ ಬಳಿಕ ಅದೇ ಪಡೆ ರಾಜಧಾನಿಯ ಮನೆಮನೆಗೆ ನುಗ್ಗಿ ಲೂಟಿ ಮಾಡಿತು, ಮನೆಯವರನ್ನು ಹೊರಹಾಕಿ ಅಲ್ಲೇ ಠಿಕಾಣಿ ಹೂಡಿತು. ದಾರ್ಫುರ್‌ನಲ್ಲಿ ಇಪ್ಪತ್ತು ವರ್ಷ ಶಿಕ್ಷೆಯಿಲ್ಲದೆ ನಡೆದ ಕೆಲಸ ನೈಲ್ ನದಿಯ ದಂಡೆಗೂ ಬಂದಿತ್ತು.

ಇಷ್ಟನ್ನು ಹೇಳಿದರೆ ಹಲವರು ತಲೆದೂಗುತ್ತಾರೆ: ಹೌದು, ದೂರದ ಬೆಂಕಿ ಮುಂದೊಂದು ದಿನ ನಮ್ಮ ಮನೆಗೂ ಬರಬಹುದು, ಆದ್ದರಿಂದ ಕಾಳಜಿ ಇರಬೇಕು. ಈ ವಾದದಲ್ಲಿ ವಿವೇಕವಿದೆ, ನಾನೂ ಕೆಲವೊಮ್ಮೆ ಅದನ್ನೇ ಮುಂದಿಡುತ್ತೇನೆ, ಏಕೆಂದರೆ ಅದು ಬೇಗ ಒಪ್ಪಿಗೆಯಾಗುತ್ತದೆ. ಆದರೆ ಅದರ ಮೇಲೆ ಹೆಚ್ಚು ಭಾರ ಹಾಕಲು ನನಗೆ ಮನಸ್ಸಿಲ್ಲ. ನಮಗೂ ತಟ್ಟೀತು ಎಂದು ಮರುಗುವುದಾದರೆ ಅದು ಕೊನೆಗೂ ನಮ್ಮ ಬಗೆಗಿನ ಮರುಕವೇ. ಅಲ್ ಫಾಶರ್‌ನ ಬೆಂಕಿ ನನ್ನ ಮನೆಯವರೆಗೆ ಎಂದಿಗೂ ಬರಲಾರದು ಎಂದು ಯಾರಾದರೂ ಖಚಿತವಾಗಿ ತೋರಿಸಿಕೊಟ್ಟರೂ ನನ್ನ ಕಳವಳ ಕಡಿಮೆಯಾಗುವುದಿಲ್ಲ. ಅದರ ಬೇರು ಬೇರೆಡೆ ಇದೆ, ಮತ್ತು ಅದು ಆ ನಗರದ ಮುತ್ತಿಗೆ ನಡೆದ ರೀತಿಯಲ್ಲಿದೆ.

ಅಲ್ ಫಾಶರ್ ಒಂದೇ ರಾತ್ರಿಯಲ್ಲಿ ಬಿದ್ದದ್ದಲ್ಲ. ದಾರ್ಫುರ್‌ನ ಉಳಿದ ದೊಡ್ಡ ನಗರಗಳೆಲ್ಲ 2023ರಲ್ಲೇ ಅರೆಸೇನಾಪಡೆಯ ವಶವಾಗಿದ್ದವು. ಪಶ್ಚಿಮದ ಎಲ್ ಜೆನೀನಾದಲ್ಲಿ ಮಸಾಲಿತ್ ಸಮುದಾಯದ ಜನರನ್ನು ಸಾವಿರಗಟ್ಟಲೆ ಕೊಲ್ಲಲಾಗಿತ್ತು, ಬದುಕುಳಿದವರು ಗಡಿ ದಾಟಿ ಚಾಡ್ ದೇಶದ ಅದ್ರೆ ಪಟ್ಟಣ ಸೇರಿದ್ದರು. ಹಾಗಾಗಿ 2024ರ ಏಪ್ರಿಲ್ ಮೇ ಹೊತ್ತಿಗೆ ಅಲ್ ಫಾಶರ್ ಸುತ್ತ ಮುತ್ತಿಗೆ ಬಿಗಿಯಾದಾಗ, ನಗರ ಕೈತಪ್ಪಿದರೆ ಏನಾಗುತ್ತದೆಂದು ಊಹಿಸಬೇಕಾಗಿರಲಿಲ್ಲ. ಆ ವರ್ಷದ ಜೂನ್ 13ರಂದು ವಿಶ್ವಸಂಸ್ಥೆಯ ಭದ್ರತಾ ಮಂಡಳಿ ಮುತ್ತಿಗೆ ನಿಲ್ಲಿಸಬೇಕೆಂದು 2736ನೇ ನಿರ್ಣಯವನ್ನು ಅಂಗೀಕರಿಸಿತು. ಮುತ್ತಿಗೆ ನಿಲ್ಲಲಿಲ್ಲ. ಆಗಸ್ಟ್‌ನಲ್ಲಿ ನಗರದ ಪಕ್ಕದ ಜಮ್‌ಜಮ್ ನಿರಾಶ್ರಿತರ ಶಿಬಿರದಲ್ಲಿ ಕ್ಷಾಮವಿದೆಯೆಂದು ತಜ್ಞರ ಸಮಿತಿ ಅಧಿಕೃತವಾಗಿ ತಿಳಿಸಿತು. 2025ರ ಏಪ್ರಿಲ್‌ನಲ್ಲಿ ಆ ಶಿಬಿರದ ಮೇಲೆಯೇ ದಾಳಿ ನಡೆದು ನೂರಾರು ಜನ ಸತ್ತರು, ಲಕ್ಷಗಟ್ಟಲೆ ಜನ ಮತ್ತೊಮ್ಮೆ ನಿರಾಶ್ರಿತರಾದರು. ಬಳಿಕ ನಗರವನ್ನು ಸುತ್ತುವರಿದು ಹತ್ತಾರು ಕಿಲೋಮೀಟರ್ ಉದ್ದದ ಮಣ್ಣಿನ ಒಡ್ಡು ಏಳತೊಡಗಿತು. ಅಮೆರಿಕದ ಯೇಲ್ ವಿಶ್ವವಿದ್ಯಾಲಯದ ಸಂಶೋಧಕರು ಉಪಗ್ರಹ ಚಿತ್ರಗಳಲ್ಲಿ ಅದು ಬೆಳೆಯುತ್ತಿರುವುದನ್ನು ಗುರುತಿಸಿ ಪ್ರಕಟಿಸಿದರು. ಒಳಗೆ ಸುಮಾರು 2,60,000 ಜನ, ಅವರಲ್ಲಿ ಅರ್ಧದಷ್ಟು ಮಕ್ಕಳು. ಎಣ್ಣೆ ತೆಗೆದ ಮೇಲೆ ಉಳಿಯುವ ಕಡಲೆಕಾಯಿ ಹಿಂಡಿ, ಅಲ್ಲಿಯವರು ಅಂಬಾಜ್ ಎನ್ನುವ ದನದ ಮೇವು, ಅವರ ಊಟವಾಯಿತು. ಸೆಪ್ಟೆಂಬರ್ 19ರಂದು ಬೆಳಗಿನ ಪ್ರಾರ್ಥನೆಯ ಹೊತ್ತಿಗೆ ಮಸೀದಿಯೊಂದರ ಮೇಲೆ ಡ್ರೋನ್ ದಾಳಿ ನಡೆದು 70ಕ್ಕೂ ಹೆಚ್ಚು ಜನ ಸತ್ತರು.

ಇಷ್ಟೆಲ್ಲವೂ ನಗರ ಬೀಳುವ ಮೊದಲೇ, ದಿನಾಂಕ ಸಹಿತ, ಯಾರು ಬೇಕಾದರೂ ಓದಬಹುದಾದಂತೆ ಪ್ರಕಟವಾಗಿತ್ತು. ನನ್ನನ್ನು ಕಾಡಿದ್ದು ಇದೇ. ಹದಿನೆಂಟು ತಿಂಗಳ ಕಾಲ ಆ ಊರಿನವರು ತಮಗೆ ಏನಾಗಲಿದೆ ಎಂದು ಜಗತ್ತಿಗೆ ಹೇಳುತ್ತಲೇ ಇದ್ದರು. ಸಂಪರ್ಕ ಸಿಕ್ಕಿದಾಗಲೆಲ್ಲ ಧ್ವನಿಸಂದೇಶ ಕಳಿಸಿದರು, ಹಿಂಡಿಯ ಚಿತ್ರ ಕಳಿಸಿದರು, ಗಾಯಾಳುಗಳ ಲೆಕ್ಕ ಕೊಟ್ಟರು. ಒಬ್ಬ ಮನುಷ್ಯ ನನ್ನ ಕಡೆ ತಿರುಗಿ ನನಗೆ ಹೀಗಾಗುತ್ತಿದೆ ಎಂದು ಹೇಳಿ, ಅದು ನನ್ನ ಕಿವಿಗೆ ಬಿದ್ದ ಮೇಲೆ, ನಾನು ಅವನಿಗೆ ಸಂಬಂಧವಿಲ್ಲದವನಾಗಿ ಉಳಿಯಲು ಸಾಧ್ಯವೇ? ಅಂತರ ಎಷ್ಟೇ ಇರಲಿ, ಕೇಳಿಸಿಕೊಂಡದ್ದು ಒಂದು ಸಂಬಂಧವನ್ನು ಉಂಟುಮಾಡಿಬಿಡುತ್ತದೆ. ರಕ್ತಸಂಬಂಧದಷ್ಟು ಹಳೆಯದಲ್ಲದಿದ್ದರೂ ಅದು ಕಡಿಮೆಯದೇನಲ್ಲ. ತಿಳಿಯದೇ ಇದ್ದವರಿಗೆ ಇಲ್ಲದ ಹೊಣೆಯೊಂದು ತಿಳಿದವರ ಮೇಲೆ ಬೀಳುತ್ತದೆ ಎಂದು ನಾನು ನಿಜವಾಗಿಯೂ ನಂಬುತ್ತೇನೆ. ಹತ್ತಿರದ ದುಃಖವನ್ನು ನಾವು ನೆರವೇರಿಸಲೇಬೇಕಾದ ಕರ್ತವ್ಯದಂತೆ ಕಾಣುವುದು ಅದು ಕಣ್ಣಿಗೆ ಬೀಳುತ್ತದೆ ಎಂಬ ಕಾರಣಕ್ಕಲ್ಲವೇ? ಈಗ ದೂರದ್ದೂ ಕಣ್ಣಿಗೆ ಬೀಳುತ್ತಿದೆ.

ನಗರ ಬಿದ್ದ ಮೇಲೆ ನಡೆದದ್ದನ್ನು ನಾನು ಚಿಕ್ಕದಾಗಿ ಹೇಳಿ ಮುಗಿಸುತ್ತೇನೆ. ಆ ಊರಿನ ‘ಸೌದಿ’ ಹೆಸರಿನ ಹೆರಿಗೆ ಆಸ್ಪತ್ರೆಯಲ್ಲಿ ರೋಗಿಗಳೂ ಅವರ ಜೊತೆಗಿದ್ದವರೂ ಸೇರಿ 460ಕ್ಕೂ ಹೆಚ್ಚು ಜನರನ್ನು ಕೊಂದ ವರದಿಗಳು ಬಂದಿವೆ ಎಂದು ವಿಶ್ವ ಆರೋಗ್ಯ ಸಂಸ್ಥೆ ತಿಳಿಸಿತು. ಕೊಂದವರು ತಾವೇ ವಿಡಿಯೊ ಮಾಡಿ ಹರಡಿದರು. ನೆಲದ ಮೇಲೆ ಹರಡಿದ ಕೆಂಪು ಬಣ್ಣ ಉಪಗ್ರಹ ಚಿತ್ರಗಳಲ್ಲೂ ಕಾಣಿಸಿತು. ಓಡಿ ತಪ್ಪಿಸಿಕೊಂಡವರು ಸುಮಾರು 60 ಕಿಲೋಮೀಟರ್ ನಡೆದು ತವೀಲಾ ಪಟ್ಟಣ ತಲುಪಿದರು; ಹೊರಟವರಿಗಿಂತ ತಲುಪಿದವರು ಬಹಳ ಕಡಿಮೆ. ಇದಕ್ಕೆ ಇಪ್ಪತ್ತು ದಿನ ಮೊದಲು, ಅಕ್ಟೋಬರ್ 6ರಂದು, ಹೇಗ್‌ನ ಅಂತಾರಾಷ್ಟ್ರೀಯ ಅಪರಾಧ ನ್ಯಾಯಾಲಯವು ಜಂಜವೀದ್ ನಾಯಕ ಅಲಿ ಕುಶೈಬ್ ತಪ್ಪಿತಸ್ಥ ಎಂದು ತೀರ್ಪು ನೀಡಿತ್ತು. ದಾರ್ಫುರ್‌ನ ಅಪರಾಧಗಳಿಗೆ ಆ ನ್ಯಾಯಾಲಯದಲ್ಲಿ ಒಬ್ಬರು ತಪ್ಪಿತಸ್ಥರೆಂದು ಸಾಬೀತಾದದ್ದು ಅದೇ ಮೊದಲು, ಮತ್ತು ಅದು 2003 ಹಾಗೂ 2004ರ ಕೃತ್ಯಗಳಿಗೆ ಸಂಬಂಧಿಸಿದ್ದು. ಬಶೀರ್ ವಿರುದ್ಧ 2009ರಲ್ಲೇ ಹೊರಟ ಬಂಧನ ವಾರಂಟ್ ಇನ್ನೂ ಜಾರಿಯಾಗಿಲ್ಲ. ಅಕ್ಟೋಬರ್ 6 ಮತ್ತು 26, ಈ ಎರಡು ದಿನಾಂಕಗಳನ್ನು ಅಕ್ಕಪಕ್ಕ ಇಟ್ಟು ನೋಡಿದಾಗ ನನಗೆ ಸಿಟ್ಟಿಗಿಂತ ನಾಚಿಕೆಯೇ ಹೆಚ್ಚಾಗುತ್ತದೆ.

ಸೇನೆ ನಿರ್ದೋಷಿ ಎಂದು ನಾನು ಹೇಳುತ್ತಿಲ್ಲ. ಅದರ ವಿಮಾನಗಳು ದಾರ್ಫುರ್‌ನ ಸಂತೆಗಳ ಮೇಲೆ ಬಾಂಬ್ ಹಾಕಿವೆ. ಎರಡೂ ಕಡೆಯವರು ಅನ್ನವನ್ನು ಆಯುಧವಾಗಿಸಿದ್ದಾರೆ. ಒಂದು ಪಕ್ಷ ಹಿಡಿದು ಚಪ್ಪಾಳೆ ತಟ್ಟುವುದಕ್ಕೂ ನಾನು ಹೇಳುತ್ತಿರುವ ಕಾಳಜಿಗೂ ಸಂಬಂಧವಿಲ್ಲ.

ದೂರದ ಮಾತು ಬಂದಾಗ ನನಗೆ ಅತ್ಯಂತ ವಿಚಿತ್ರವಾಗಿ ಕಾಣುವ ಸಂಗತಿಯೊಂದಿದೆ. ಸುಡಾನ್ ಬೇರೆ ಯಾವುದಕ್ಕೂ ದೂರವಲ್ಲ. ಅಲ್ಲಿಯ ಚಿನ್ನದ ಬಹುಪಾಲು ಸಂಯುಕ್ತ ಅರಬ್ ಎಮಿರೇಟ್ಸ್‌ಗೆ ಹೋಗುತ್ತದೆ, ಅಲ್ಲಿಂದ ಜಗತ್ತಿನ ಮಾರುಕಟ್ಟೆಗೆ ಸೇರುತ್ತದೆ. ಆ ದೇಶ ಅರೆಸೇನಾಪಡೆಗೆ ಶಸ್ತ್ರಾಸ್ತ್ರ ಒದಗಿಸುತ್ತಿದೆ ಎಂಬ ಆರೋಪಗಳು ನಂಬಲರ್ಹ ಎಂದು ವಿಶ್ವಸಂಸ್ಥೆಯ ತಜ್ಞರ ತಂಡ 2024ರ ಆರಂಭದಲ್ಲಿ ಹೇಳಿತು. ಎಮಿರೇಟ್ಸ್ ಅದನ್ನು ನಿರಾಕರಿಸುತ್ತಲೇ ಬಂದಿದೆ. ಇನ್ನು ಗಮ್ ಅರೇಬಿಕ್. ಸುಡಾನ್‌ನ ಒಣ ಬಯಲುಗಳಲ್ಲಿ ಬೆಳೆಯುವ ಜಾಲಿ ಜಾತಿಯ ಮರದ ಈ ಅಂಟು ತಂಪು ಪಾನೀಯ, ಮಿಠಾಯಿ, ಮಾತ್ರೆ, ಮುದ್ರಣದ ಶಾಯಿ ಎಲ್ಲದರಲ್ಲೂ ಇದೆ, ಮತ್ತು ಜಗತ್ತಿಗೆ ಬೇಕಾದ ಅಂಟಿನ ಬಹುಭಾಗವನ್ನು ಒದಗಿಸುವುದು ಈ ಒಂದೇ ದೇಶ. 1997ರಲ್ಲಿ ಅಮೆರಿಕ ಸುಡಾನ್ ಮೇಲೆ ವ್ಯಾಪಾರ ನಿರ್ಬಂಧ ಹೇರಿದಾಗಲೂ ಈ ಅಂಟಿಗೆ ವಿನಾಯಿತಿ ಸಿಕ್ಕಿತು. ಚಿನ್ನ ಬರುತ್ತದೆ, ಅಂಟು ಬರುತ್ತದೆ, ಡ್ರೋನ್ ಹೋಗುತ್ತದೆ. ದೂರವಾಯಿತು ಎಂದು ಯಾರೂ ಇವುಗಳನ್ನು ತಡೆಯುವುದಿಲ್ಲ. ಕಾಳಜಿ ಹೊರಟಾಗ ಮಾತ್ರ ‘ನಿನಗೂ ಅದಕ್ಕೂ ಏನು ಸಂಬಂಧ’ ಎಂದು ಕೇಳಲಾಗುತ್ತದೆ.

ಆದರೆ ಸುಡಾನ್ ಒಂದೇ ಯಾಕೆ, ಕಾಂಗೊ ಯಾಕಲ್ಲ, ಮ್ಯಾನ್ಮಾರ್ ಯಾಕಲ್ಲ ಎಂದೂ ಕೇಳುತ್ತಾರೆ. ಈ ಆಕ್ಷೇಪವನ್ನು ನಾನು ಒಪ್ಪುತ್ತೇನೆ. ಯಾರ ಕಾಳಜಿಯೂ ಸಮವಾಗಿ ಹಂಚಿಕೆಯಾಗುವುದಿಲ್ಲ. ಒಂದು ಚಿತ್ರ, ಒಂದು ಘೋಷಣೆ, ಆಕಸ್ಮಿಕವಾಗಿ ಓದಿದ ಒಂದು ವರದಿ ನಮ್ಮನ್ನು ಒಂದೆಡೆ ಕಟ್ಟಿಹಾಕುತ್ತದೆ. ಆದರೆ ಎಲ್ಲರಿಗಾಗಿ ಸಮನಾಗಿ ಮರುಗಲಾರೆ ಎಂಬ ಕಾರಣಕ್ಕೆ ಯಾರಿಗಾಗಿಯೂ ಮರುಗದೆ ಇರುವುದು ನ್ಯಾಯವಾಗುವುದಿಲ್ಲ. ಸುಡಾನ್‌ನಲ್ಲಿ ಮನೆ ಬಿಟ್ಟವರ ಸಂಖ್ಯೆ 1.2 ಕೋಟಿಯನ್ನು ಮೀರಿತು. ಸತ್ತವರ ಅಂದಾಜುಗಳು ಹತ್ತಾರು ಸಾವಿರದಿಂದ ಒಂದೂವರೆ ಲಕ್ಷದವರೆಗೆ ಹರಡಿವೆ. ಇಂಥ ಸಂಖ್ಯೆಗಳ ಮುಂದೆ ಮನಸ್ಸು ಮರಗಟ್ಟುತ್ತದೆ, ಒಬ್ಬರ ನೋವಿಗೆ ಮಿಡಿದಷ್ಟು ಲಕ್ಷ ಜನರ ನೋವಿಗೆ ಮಿಡಿಯುವುದಿಲ್ಲ ಎಂದು ಮನೋವಿಜ್ಞಾನಿಗಳು ಬಹಳ ಹಿಂದೆಯೇ ಗುರುತಿಸಿದ್ದಾರೆ. ಆದ್ದರಿಂದ ಒಂದು ಊರನ್ನು ಹಿಡಿದುಕೊಂಡು ಅದರ ರಸ್ತೆ, ಆಸ್ಪತ್ರೆ, ಸಂತೆಗಳ ಹೆಸರು ತಿಳಿದುಕೊಳ್ಳುವುದೇ ನನ್ನಂಥವರಿಗೆ ಸಾಧ್ಯವಿರುವ ದಾರಿ.

ಇದರಲ್ಲಿ ಒಂದು ಅಪಾಯವೂ ಇದೆ. ದೂರದಿಂದ ಮರುಗುವವರು ಅಲ್ಲಿಯ ಜನರನ್ನು ಬರೀ ನರಳುವವರಾಗಿ ಕಂಡುಬಿಡುತ್ತಾರೆ. ನನ್ನನ್ನು ಇದರಿಂದ ತಪ್ಪಿಸಿದವರು ‘ತುರ್ತು ಸ್ಪಂದನ ಕೊಠಡಿ’ಗಳ ಸ್ವಯಂಸೇವಕರು. 2018–19ರ ಚಳವಳಿಯಲ್ಲಿ ಬೀದಿಬೀದಿಗಳಲ್ಲಿ ಹುಟ್ಟಿದ ಪ್ರತಿರೋಧ ಸಮಿತಿಗಳ ತರುಣರೇ ಯುದ್ಧ ಬಂದಾಗ ನೆರೆಹೊರೆಯವರನ್ನು ಸೇರಿಸಿಕೊಂಡು ಸಾಮೂಹಿಕ ಅಡುಗೆಮನೆ ತೆರೆದರು, ನೀರು ಹೊತ್ತರು, ಗಾಯಾಳುಗಳನ್ನು ಸಾಗಿಸಿದರು, ಹೆಣಗಳನ್ನು ಹೂಳಿದರು. ಎರಡೂ ಪಡೆಗಳು ಅವರನ್ನು ಶಂಕಿಸಿ ಹಿಡಿದವು, ಕೆಲವರನ್ನು ಕೊಂದವು. 2025ರಲ್ಲಿ ಅವರಿಗೆ ರೈಟ್ ಲೈವ್ಲಿಹುಡ್ ಪ್ರಶಸ್ತಿ ಬಂತು. ಅದೇ ವರ್ಷದ ಆರಂಭದಲ್ಲಿ ಅಮೆರಿಕ ತನ್ನ ವಿದೇಶಿ ನೆರವನ್ನು ನಿಲ್ಲಿಸಿದಾಗ ಅವರ ನೂರಾರು ಅಡುಗೆಮನೆಗಳು ಮುಚ್ಚಿದವು. ವಾಷಿಂಗ್ಟನ್‌ನಲ್ಲಿ ಹಾಕಿದ ಒಂದು ಸಹಿ ಖಾರ್ಟೂಮ್‌ನ ಓಣಿಯ ಪಾತ್ರೆಯನ್ನು ಬರಿದು ಮಾಡಬಲ್ಲದಾದರೆ, ದೂರದಲ್ಲಿರುವವರು ಏನು ಮಾಡಿದರೂ ಅಲ್ಲಿಗೆ ಮುಟ್ಟುವುದಿಲ್ಲ ಎಂಬ ಮಾತನ್ನು ನಾನು ಹೇಗೆ ನಂಬಲಿ? ಮುಚ್ಚಿದವುಗಳಲ್ಲಿ ಕೆಲವು, ಹೊರದೇಶಗಳಲ್ಲಿರುವ ಸುಡಾನೀಯರೂ ಅವರ ಮಾತು ಕೇಳಿಸಿಕೊಂಡ ಅಪರಿಚಿತರೂ ಕಳಿಸಿದ ಹಣದಿಂದ ಮತ್ತೆ ಒಲೆ ಹಚ್ಚಿದವು. ನನ್ನ ಕೈಲಾದದ್ದು ಆ ಕಡೆಗೇ ಹೋಗುತ್ತದೆ. ಅದು ಎಷ್ಟು ಅಲ್ಪ ಎಂಬುದು ನನಗೆ ತಿಳಿದಿದೆ, ಆದರೂ ಕಳಿಸದೆ ಇರುವುದು ನನ್ನಿಂದಾಗುವುದಿಲ್ಲ.

ಯುದ್ಧ ಈಗ ಪೂರ್ವಕ್ಕೆ, ಕೊರ್ಡೊಫಾನ್ ಪ್ರಾಂತ್ಯಕ್ಕೆ ಹಬ್ಬಿದೆ. 2025ರ ನವೆಂಬರ್‌ನಲ್ಲಿ ಕ್ಷಾಮದ ತಜ್ಞರು ಅಲ್ ಫಾಶರ್‌ನ ಜೊತೆಗೆ ಕೊರ್ಡೊಫಾನ್‌ನ ಕಾಡುಗ್ಲಿ ಪಟ್ಟಣದಲ್ಲೂ ಕ್ಷಾಮವಿದೆ ಎಂದು ಹೇಳಿದರು. ಡಿಸೆಂಬರ್‌ನಲ್ಲಿ ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಹೈಕಮಿಷನರ್ ವೋಲ್ಕರ್ ಟರ್ಕ್, ಅಲ್ ಫಾಶರ್‌ನಲ್ಲಿ ಕಂಡದ್ದು ಕೊರ್ಡೊಫಾನ್‌ನಲ್ಲಿ ಮರುಕಳಿಸಬಹುದೆಂದು ಬಹಿರಂಗವಾಗಿ ಎಚ್ಚರಿಸಿದರು. ಗಮ್ ಅರೇಬಿಕ್ ವ್ಯಾಪಾರದ ಹಳೆಯ ಕೇಂದ್ರವಾದ ಎಲ್ ಒಬೇದ್ ನಗರ ಇರುವುದು ಆ ಪ್ರಾಂತ್ಯದಲ್ಲೇ. ದಾರ್ಫುರ್‌ನಿಂದ ಖಾರ್ಟೂಮ್‌ಗೆ ಹೋಗುವ ಹೆದ್ದಾರಿ ಅದರ ಮೂಲಕವೇ ಹಾದುಹೋಗುತ್ತದೆ. ನಕಾಶೆಯಲ್ಲಿ ನಾನು ಈಗ ತೆರೆದು ನೋಡುತ್ತಿರುವುದು ಆ ನಗರವನ್ನು. ಅದರ ಆಸ್ಪತ್ರೆಗಳು ಎಲ್ಲಿವೆ, ಸಂತೆ ಯಾವ ಕಡೆಗಿದೆ, ಯಾವ ರಸ್ತೆ ಇನ್ನೂ ತೆರೆದಿದೆ ಎಂದು ತಿಳಿದುಕೊಳ್ಳುತ್ತಿದ್ದೇನೆ.